ಪಾನಕ ಎಷ್ಟು, ಮಜ್ಜಿಗೆ ಎಷ್ಟು, ಕಾಫಿ ಎಷ್ಟು: ಬೇಸಿಗೆಯ ಗೃಹಪ್ರವೇಶಕ್ಕೆ ನಾನು ಹಾಕುವ ಲೆಕ್ಕ

ಮದುವೆ, ಮುಂಜಿ, ಗೃಹಪ್ರವೇಶ ಯಾವುದೇ ಇರಲಿ, ಅನ್ನ ಎಷ್ಟು, ಹುಳಿ ಎಷ್ಟು, ಪಾಯಸ ಎಷ್ಟು ಅನ್ನುವುದನ್ನು ಅಡುಗೆಭಟ್ಟರೇ ನೋಡಿಕೊಳ್ಳುತ್ತಾರೆ. ಕುಡಿಯುವುದರ ಲೆಕ್ಕ ಮಾತ್ರ ಯಾರ ಪಾಲಿಗೂ ಸೇರದೆ ಮನೆಯವರ ತಲೆಯ ಮೇಲೆ ಉಳಿಯುತ್ತದೆ. ಶಿವಮೊಗ್ಗದಲ್ಲಿ ನಮ್ಮ ನೆಂಟರಿಷ್ಟರ ಮನೆಗಳಲ್ಲಿ ಈ ಕೆಲಸ ವರ್ಷಗಳಿಂದ ನನ್ನದು. ಬಿಸಿಲಲ್ಲಿ ಬಂದವರ ಕೈಗೆ ಕೂತ ತಕ್ಷಣ ಒಂದು ಲೋಟ ತಣ್ಣನೆಯ ಪಾನಕ ಸಿಕ್ಕರೆ ಅವರಿಗೆ ಆಗುವ ಸಮಾಧಾನ ನನಗೆ ಮುಖ್ಯ. ಹಾಗೆಯೇ ಸಂಜೆ ಹಂಡೆಗಟ್ಟಲೆ ಪಾನಕವನ್ನು ಮೋರಿಗೆ ಸುರಿಯುವುದನ್ನು ನೋಡಲು ನನ್ನಿಂದ ಆಗುವುದಿಲ್ಲ. ಎರಡನ್ನೂ ಒಟ್ಟಿಗೆ ನೋಡಿಕೊಳ್ಳುವುದಕ್ಕೆ ಒಂದು ದಾರಿ ಕಂಡುಕೊಂಡಿದ್ದೇನೆ.

ಈ ಏಪ್ರಿಲಿನಲ್ಲಿ ಚಿಕ್ಕಪ್ಪನ ಮಗ ಮನೆ ಕಟ್ಟಿಸಿ ಗೃಹಪ್ರವೇಶ ಇಟ್ಟುಕೊಂಡಿದ್ದ. ಹದಿನೈದು ದಿನ ಮೊದಲೇ ಫೋನ್ ಮಾಡಿದ. "ಅಣ್ಣಯ್ಯ, 250 ಜನ ಆಗ್ತಾರೆ, ಎಷ್ಟು ಲೀಟರ್ ಪಾನಕ ಬೇಕಾಗುತ್ತೆ?" ಅಂದ. "ಅದನ್ನ ಆಮೇಲೆ ಹೇಳ್ತೀನಿ. ಮುಹೂರ್ತ ಎಷ್ಟು ಹೊತ್ತಿಗೆ, ಊಟ ಎಷ್ಟು ಹೊತ್ತಿಗೆ, ಯಾರು ಯಾವಾಗ ಬರ್ತಾರೆ ಅದನ್ನ ಮೊದಲು ಹೇಳು" ಅಂದೆ. ನನ್ನ ಲೆಕ್ಕ ಶುರುವಾಗುವುದು ಅಲ್ಲಿಂದ. ಒಂದೊಂದು ಪಾನೀಯಕ್ಕೂ ಅದರದೇ ಹೊತ್ತು ಇದೆ. ಬೆಳಗ್ಗೆ ಆರೂವರೆಗೆ ಪಾನಕ ಕೇಳುವವರಿಲ್ಲ, ಹನ್ನೆರಡು ಗಂಟೆಯ ಬಿಸಿಲಲ್ಲಿ ಕಾಫಿ ಕೇಳುವವರು ಕಡಿಮೆ. 250 ಜನ ಅನ್ನುವುದು ಊಟದೆಲೆಯ ಸಂಖ್ಯೆ, ಅಷ್ಟೇ. ಕುಡಿಯುವುದಕ್ಕೆ ಬೆಳಗ್ಗೆ 70 ಜನ, ಹತ್ತೂವರೆಯಿಂದ ಹನ್ನೆರಡೂವರೆಗೆ 250, ಸಂಜೆ ನಾಲ್ಕಕ್ಕೆ 60 ಅಂತ ಮೂರು ಬೇರೆ ಬೇರೆ ಗುಂಪು.

ಈ 250 ಕೂಡ ಅಂದಾಜಿನ ಮಾತಲ್ಲ, ಬಿಡಿಸಿ ನೋಡಬೇಕು. ಅವನು ಹಂಚಿದ್ದು ಸುಮಾರು 120 ಕಾಗದ. ಅದರಲ್ಲಿ ಮನೆಮಂದಿಯಂತಿರುವ 30 ಮನೆಗಳವರನ್ನು ಹೆಸರು ಹಿಡಿದು ಬರೆಸಿದೆ, 70 ಜನ ಆಯಿತು. ಉಳಿದ 90 ಕಾಗದಕ್ಕೆ ಭಾನುವಾರವಾದ್ದರಿಂದ ಮನೆಗೆ ಇಬ್ಬರಂತೆ 180. ಇದೇ ಬುಧವಾರವೋ ಗುರುವಾರವೋ ಆಗಿದ್ದರೆ ಒಂದೂವರೆಯಂತೆ ಹಿಡಿಯುತ್ತಿದ್ದೆ. ಸಾಗರ, ತೀರ್ಥಹಳ್ಳಿ ಕಡೆಯಿಂದ ಬಸ್ಸಲ್ಲಿ ಬರುವವರು ಎಷ್ಟು ಅಂತಲೂ ಕೇಳಿದೆ, ಯಾಕೆಂದರೆ ದೂರದಿಂದ ಬಂದವರು ಎರಡು ಲೋಟಕ್ಕೆ ಕಡಿಮೆ ಕುಡಿಯುವುದಿಲ್ಲ. ಪಕ್ಕದ ಬೀದಿಯಿಂದ ನಡೆದು ಬಂದವರು ಅರ್ಧ ಲೋಟಕ್ಕೇ ಸಾಕು ಅನ್ನುತ್ತಾರೆ.

ಆಮೇಲಿನ ಕೆಲಸ ಲೋಟ. ಪಾತ್ರೆ ಬಾಡಿಗೆ ಅಂಗಡಿಗೆ ಹೋದರೆ ನಾನು ಮೊದಲು ಕೈಗೆತ್ತಿಕೊಳ್ಳುವುದು ಅದನ್ನೇ. ಒಂದು ಸ್ಟೀಲ್ ಲೋಟ ತೆಗೆದುಕೊಂಡು, ಬಡಿಸುವ ಹುಡುಗ ಎಷ್ಟು ಹಾಕುತ್ತಾನೋ ಅಷ್ಟೇ, ಅಂದರೆ ಅಂಚಿನಿಂದ ಒಂದು ಬೆರಳು ಕೆಳಗೆ ನಿಲ್ಲುವಂತೆ ನೀರು ಹಾಕಿ, ಅಳತೆಯ ಜಗ್ಗಿಗೆ ಸುರಿದು ನೋಡುತ್ತೇನೆ. 200 ಮಿಲಿ ಹಿಡಿಯುವ ಲೋಟದಲ್ಲಿ ಬಡಿಸುವುದು 150 ಮಿಲಿ. ಕಾಫಿಯ ಸ್ಟೀಲ್ ಲೋಟದಲ್ಲಿ 100 ಮಿಲಿ. 100 ಮಿಲಿ ಅಂತ ಮಾರುವ ಕಾಗದದ ಕಪ್ಪಿನಲ್ಲಿ ಕೈ ಸುಡದಂತೆ ಹಾಕಿದರೆ 75 ಮಿಲಿ ಮಾತ್ರ. ಈ ಅಳತೆ ಗೊತ್ತಿಲ್ಲದೆ ಲೀಟರಿನ ಲೆಕ್ಕ ಹಾಕಿದರೆ ಕಾಲು ಭಾಗ ಆಚೆ ಈಚೆ ಆಗೇ ಆಗುತ್ತದೆ. ನಾನು ಸ್ಟೀಲ್ ಲೋಟವನ್ನೇ ತರಿಸುತ್ತೇನೆ. ತೊಳೆಯುವುದಕ್ಕೆ ಇಬ್ಬರನ್ನು ಕೂರಿಸಿದರೆ 120 ಲೋಟದಲ್ಲಿ 250 ಜನಕ್ಕೆ ಸುಧಾರಿಸಬಹುದು, ಯಾಕೆಂದರೆ ಊಟಕ್ಕೆ ಮುಂಚಿನ ಅರ್ಧ ಗಂಟೆ ಬಿಟ್ಟರೆ ಒಟ್ಟಿಗೆ ನುಗ್ಗುವುದಿಲ್ಲ. ಆ ಅರ್ಧ ಗಂಟೆಯಲ್ಲಿ ಸುಮಾರು ನೂರು ಜನ ಬರುತ್ತಾರೆ ಅಂತ ಇಟ್ಟುಕೊಂಡಿರಬೇಕು.

ಇನ್ನು ಪಾನಕ. ಬಂದವರಿಗೆಲ್ಲ ಒಂದು ಲೋಟ, ಏಪ್ರಿಲ್ ಬಿಸಿಲಿಗೆ ಅರ್ಧ ಜನಕ್ಕೆ ಎರಡನೆಯದು. 250ಕ್ಕೆ 375 ಲೋಟ. 150 ಮಿಲಿಯಂತೆ 56 ಲೀಟರ್. ಲೀಟರಿಗೆ 100 ಗ್ರಾಂ ಬೆಲ್ಲ, ಮೂರು ನಿಂಬೆಹಣ್ಣು. ಹಾಗಾಗಿ ಬೆಲ್ಲ ಆರು ಕಿಲೋ, ನಿಂಬೆಹಣ್ಣು 170. ಏಲಕ್ಕಿ, ಒಣಶುಂಠಿ, ಚಿಟಿಕೆ ಉಪ್ಪು ಇವೆಲ್ಲ ರುಚಿ ನೋಡಿ ಹಾಕುವಂಥದ್ದು. ರಾಮನವಮಿಯ ಪಾನಕದ ಅನುಭವ ಇಟ್ಟುಕೊಂಡು ಇದನ್ನು ಲೆಕ್ಕ ಹಾಕಬಾರದು. ಅಲ್ಲಿ ಕೋಸಂಬರಿಯ ಜೊತೆ ಪ್ರಸಾದದಂತೆ ಪುಟ್ಟ ಲೋಟದಲ್ಲಿ ಕೊಡುತ್ತಾರೆ, ಹತ್ತು ಲೀಟರ್ ನೂರೈವತ್ತು ಜನಕ್ಕೂ ಬರುತ್ತದೆ.

ಆದರೆ 56 ಲೀಟರನ್ನು ನಾನು ಬೆಳಗ್ಗೆಯೇ ಕಲೆಸಿಡುವುದಿಲ್ಲ. ನನ್ನ ಲೆಕ್ಕದ ಬುಡ ಇರುವುದೇ ಇಲ್ಲಿ. ಹತ್ತು ಗಂಟೆಗೆ 30 ಲೀಟರ್ ಸಿದ್ಧ, ಉಳಿದದ್ದು ಬೆಲ್ಲದ ಪಾಕ ಮತ್ತು ಹಿಂಡದ ನಿಂಬೆಹಣ್ಣಿನ ರೂಪದಲ್ಲಿ. ಹಿಂದಿನ ರಾತ್ರಿ ಬೆಲ್ಲವನ್ನು ನೀರಲ್ಲಿ ಕುದಿಸಿ, ಸೋಸಿ, ಗಟ್ಟಿಪಾಕ ಮಾಡಿ ಮುಚ್ಚಿಡುತ್ತೇನೆ. ನಿಂಬೆಹಣ್ಣನ್ನು ಮಾತ್ರ ಬೇಕಾದಷ್ಟೇ, ಬೇಕಾದಾಗಲೇ ಹಿಂಡಿಸುತ್ತೇನೆ. ಹಿಂಡಿ ಇಟ್ಟ ರಸ ಗಂಟೆಗಳು ಕಳೆದಂತೆ ಕಹಿಯಾಗುತ್ತದೆ, ಸಿಪ್ಪೆಯ ಎಣ್ಣೆ ಇಳಿದಿದ್ದರಂತೂ ಇನ್ನೂ ಬೇಗ. ಪಾಕ, ನೀರು, ಹಣ್ಣು ಮೂರೂ ಪಕ್ಕದಲ್ಲಿದ್ದರೆ ಹತ್ತು ಲೀಟರ್ ಪಾನಕ ಆಗಲು ಹತ್ತು ನಿಮಿಷ ಸಾಕು. ಜನ ಕಡಿಮೆ ಬಂದರೆ ನಿಂಬೆಹಣ್ಣು ಉಪ್ಪಿನಕಾಯಿಗೆ ಹೋಗುತ್ತದೆ, ಪಾಕ ಮನೆಯಲ್ಲೇ ಖರ್ಚಾಗುತ್ತದೆ. ಹೆಚ್ಚು ಬಂದರೆ ಕೈ ಕಟ್ಟಿ ಕೂರಬೇಕಾಗಿಲ್ಲ. ಇದಕ್ಕೆ ಜೊತೆಯಾಗಿ ಮುರುಗಲು (ಕೋಕಂ) ಹಣ್ಣಿನ ಶರಬತ್ತಿನ ಪಾಕ ಎರಡು ಬಾಟಲಿ ಇಟ್ಟುಕೊಳ್ಳುತ್ತೇನೆ. ಮುರುಗಲಿಗೆ ಇದೇ ಕಾಲ, ಒಂದು ಪಾಲು ಪಾಕಕ್ಕೆ ಐದು ಪಾಲು ನೀರು ಹಾಕಿದರೆ ಮುಗಿಯಿತು. ಅದನ್ನು ಮೊದಲೇ ಹೊರಗೆ ಇಡುವುದಿಲ್ಲ. ಎರಡು ಬಗೆ ಇಟ್ಟರೆ ಜನ ಎರಡನ್ನೂ ರುಚಿ ನೋಡುತ್ತಾರೆ, ಎರಡೂ ಅರ್ಧರ್ಧ ಉಳಿಯುತ್ತದೆ.

ಹನ್ನೊಂದು ಗಂಟೆ ಹೊತ್ತಿಗೆ ನಾನು ಲೋಟ ತೊಳೆಯುವ ಕಡೆ ಹೋಗಿ ನಿಲ್ಲುತ್ತೇನೆ. ಟಬ್ಬಿಗೆ ಬೀಳುವ ಮುಂಚೆ ಲೋಟದ ತಳ ನೋಡಿದರೆ ಎಷ್ಟು ಬೇಕು ಅನ್ನುವುದು ಗೊತ್ತಾಗುತ್ತದೆ. ಅವತ್ತು ಹಿರಿಯರು ಕೂತ ಸಾಲಿನಿಂದ ಬಂದ ಲೋಟಗಳಲ್ಲಿ ಎರಡು ಬೆರಳು ಪಾನಕ ಹಾಗೇ ಇತ್ತು, ತಳದಲ್ಲಿ ಏಲಕ್ಕಿ ಪುಡಿ ಕೂತಿತ್ತು. ಹುಡುಗರು ಕೂತಲ್ಲಿಂದ ಬಂದವು ಒಣಗಿದ್ದವು. ಬಡಿಸುತ್ತಿದ್ದ ಹುಡುಗನಿಗೆ, "ದೊಡ್ಡವರಿಗೆ ಮುಕ್ಕಾಲು ಹಾಕು, ಜಗ್ಗು ಹಿಡ್ಕೊಂಡು ಇನ್ನೊಂದು ಸುತ್ತು ಬಾ, ಬೇಕಾದವರು ಹಾಕಿಸ್ಕೊಳ್ತಾರೆ" ಅಂದೆ. ಮುಕ್ಕಾಲು ಲೋಟ ಎರಡು ಸಲ ಕೊಟ್ಟರೆ ಜನಕ್ಕೆ ಉಪಚಾರ ಹೆಚ್ಚಾದಂತೆ ಅನಿಸುತ್ತದೆ, ಚೆಲ್ಲುವುದೂ ನಿಲ್ಲುತ್ತದೆ. ಪಾತ್ರೆಯ ತಳದಿಂದ ಕಲೆಸಿ ಬಡಿಸಲು ಕೂಡ ಹೇಳಬೇಕು, ಇಲ್ಲದಿದ್ದರೆ ಮೊದಲಿನವರಿಗೆ ಸಪ್ಪೆ, ಕೊನೆಯವರಿಗೆ ಖಾರ.

ಐಸ್ ಹಾಕುವುದಿಲ್ಲ. ಮೀನು ಇಡುವುದಕ್ಕೆ ಮಾಡಿದ ಐಸನ್ನು ಕುಡಿಯುವುದಕ್ಕೆ ಹಾಕುವುದು ಸರಿಯಲ್ಲ, ಕರಗಿದಂತೆ ಪಾನಕ ನೀರಾಗುತ್ತದೆ ಕೂಡ. ಮಣ್ಣಿನ ಹರವಿಗೆ ಒದ್ದೆ ಬಟ್ಟೆ ಸುತ್ತಿ ನೆರಳಿನಲ್ಲಿ ಇಟ್ಟರೆ ಆಗುವ ತಂಪೇ ಸಾಕು.

ಕಾಫಿಯ ಲೆಕ್ಕ ಬೇರೆ ಜಾತಿಯದು. ಮುಹೂರ್ತಕ್ಕೆ ಬಂದ 70 ಜನಕ್ಕೆ ಒಂದೂವರೆಯಂತೆ 105 ಲೋಟ. ಸಂಜೆ ಉಳಿದ ನೆಂಟರು 60, ಅಡುಗೆಯವರು, ಶಾಮಿಯಾನದವರು ಸೇರಿ 80. ನಡುವೆ ಆಗಾಗ ಕೇಳುವವರಿಗೆ ಅಂತ 60 ಇರಲೇಬೇಕು. ಹೋಮಕ್ಕೆ ಕೂತ ಪುರೋಹಿತರು, ಬಿಸಿಲಿದ್ದರೂ ಕಾಫಿಯೇ ಬೇಕು ಅನ್ನುವ ಹಿರಿಯರು ಈ ಲೆಕ್ಕದಲ್ಲಿ ಬರುತ್ತಾರೆ. ಒಟ್ಟು 250 ಲೋಟ ಅಂತ ಹಿಡಿದೆ. ಲೋಟಕ್ಕೆ 70 ಮಿಲಿ ಹಾಲು, 30 ಮಿಲಿ ಡಿಕಾಕ್ಷನ್. ಹಾಲು 18 ಲೀಟರ್, ನೂರು ಲೋಟಕ್ಕೆ 650 ಗ್ರಾಂನಂತೆ ಕಾಫಿಪುಡಿ ಒಂದು ಕಿಲೋ 600 ಗ್ರಾಂ. ಚಿಕೋರಿ ಸೇರಿದ ಪುಡಿಯಾದರೆ ಸ್ವಲ್ಪ ಕಡಿಮೆಯಲ್ಲೂ ಬಣ್ಣ ಬರುತ್ತದೆ. ಸಕ್ಕರೆಯನ್ನು ಪಾತ್ರೆಗೆ ಸುರಿಯುವುದನ್ನು ನಾನು ಬಿಟ್ಟುಬಿಟ್ಟಿದ್ದೇನೆ. ಈಗ ನಮ್ಮ ನೆಂಟರಲ್ಲಿ ಹತ್ತು ಜನರಲ್ಲಿ ಇಬ್ಬರು ಮೂವರು ಸಕ್ಕರೆ ಬೇಡ ಅನ್ನುವವರೇ. ಅವರಿಗೆ ಸಕ್ಕರೆ ಹಾಕದ ಕಾಫಿಯನ್ನು ಬೇರೆ ಫ್ಲಾಸ್ಕಿನಲ್ಲಿ ಇಟ್ಟು, ಅದರ ಕತ್ತಿಗೆ ಒಂದು ದಾರ ಕಟ್ಟಿರುತ್ತೇನೆ. ಅವರು ಮೂರು ಸಲ ಕೇಳಿ ಕೊನೆಗೆ ಸಿಹಿ ಕಾಫಿಯನ್ನೇ ಕುಡಿಯಬೇಕಾದ ಸ್ಥಿತಿ ಯಾವ ಮನೆಯಲ್ಲೂ ಬರಬಾರದು.

ಹಾಲಿನ ವಿಷಯದಲ್ಲಿ ಭಟ್ಟರ ಜೊತೆ ಮೊದಲೇ ಮಾತಾಡಿಕೊಳ್ಳಬೇಕು. ಹಾಲು ಉಕ್ಕಿಸುವ ಶಾಸ್ತ್ರಕ್ಕೆ ಬೇರೆ, ಪಾಯಸಕ್ಕೆ ಬೇರೆ, ಕಾಫಿಗೆ ಬೇರೆ. ಮೂರನ್ನೂ ಒಂದೇ ಕ್ರೇಟಿನಲ್ಲಿ ತಂದಿಟ್ಟರೆ ಮೊದಲು ಒಲೆ ಹಚ್ಚಿದವರ ಪಾಲಾಗುತ್ತದೆ. ನಾನು ಕಾಫಿಗೆ ನಂದಿನಿಯ ಗಟ್ಟಿ ಹಾಲು, ಶುಭಂ, ತರಿಸುತ್ತೇನೆ. ನೀಲಿ ಪ್ಯಾಕೆಟ್ಟಿನ ಹಾಲಿಗೆ ಡಿಕಾಕ್ಷನ್ ಅಷ್ಟೇ ಹಾಕಿದರೂ ಕಾಫಿ ತೆಳ್ಳಗೆ ಕಾಣುತ್ತದೆ. ಹತ್ತು ಲೀಟರ್ ಕಾಯಿಸಿ, ಎಂಟು ಲೀಟರನ್ನು ಪ್ಯಾಕೆಟ್ ಒಡೆಯದೆ ಫ್ರಿಜ್ಜಿನಲ್ಲಿ ಇಡುವುದು ಇಲ್ಲಿನ ಪದ್ಧತಿ. ಉಳಿದರೆ ಸಂಜೆ ಕಾಯಿಸಿ ಹೆಪ್ಪು ಹಾಕಿದರಾಯಿತು.

ಮಜ್ಜಿಗೆಗೆ ಬಂದರೆ, ಅದರ ಅಳತೆ ಪಾನಕದ ಮೇಲೆ ನಿಂತಿದೆ. ಹೊಟ್ಟೆ ಒಂದೇ ತಾನೆ! ಹನ್ನೆರಡಕ್ಕೆ ಎರಡು ಲೋಟ ಪಾನಕ ಕುಡಿದವರು ಒಂದು ಗಂಟೆಗೆ ಎಲೆಯ ಮುಂದೆ ಎರಡು ಲೋಟ ಮಜ್ಜಿಗೆ ಕುಡಿಯುವುದಿಲ್ಲ. ಹಾಗಾಗಿ ತಲೆಗೆ ಒಂದೇ ಲೋಟ, 40 ಲೀಟರ್ ನೀರುಮಜ್ಜಿಗೆ. ಒಂದು ಪಾಲು ಮೊಸರಿಗೆ ಮೂರು ಪಾಲು ನೀರು, ಅಂದರೆ ಹತ್ತು ಕಿಲೋ ಮೊಸರು. ಅನ್ನಕ್ಕೆ ಬಡಿಸುವ ಗಟ್ಟಿ ಮಜ್ಜಿಗೆಗೆ ಇನ್ನೂ ಎಂಟು ಕಿಲೋ. ಊಟದ ಕೊನೆಗೆ ಐಸ್‌ಕ್ರೀಮ್ ಇದ್ದರೆ ನೀರುಮಜ್ಜಿಗೆಯಲ್ಲಿ ಐದು ಲೀಟರ್ ಇಳಿಸುತ್ತೇನೆ. ಮಾವಿನಕಾಯಿಯ ತೆಳ್ಳನೆಯ ಅಪ್ಪೆಹುಳಿ ಇದ್ದರೆ ಇನ್ನೂ ಐದು, ಯಾಕೆಂದರೆ ನಮ್ಮವರು ಅದನ್ನು ಅನ್ನಕ್ಕೆ ಹಾಕಿಕೊಳ್ಳುವುದಕ್ಕಿಂತ ಲೋಟದಲ್ಲಿ ಹಾಕಿಸಿಕೊಂಡು ಕುಡಿಯುವುದೇ ಹೆಚ್ಚು.

ಬೇಸಿಗೆಯ ಮೊಸರಿಗೆ ಗಡಿಯಾರ ನೋಡಬೇಕು. ಹಿಂದಿನ ದಿನವೇ ತಂದು ಹೊರಗಿಟ್ಟರೆ ಮಧ್ಯಾಹ್ನದ ಹೊತ್ತಿಗೆ ಹಲ್ಲು ಚುಳ್ಳೆನ್ನುವಷ್ಟು ಹುಳಿ. ಮನೆಯಲ್ಲೇ ಹೆಪ್ಪು ಹಾಕುವುದಾದರೆ ರಾತ್ರಿ ಹನ್ನೊಂದರ ಮೇಲೆ, ಹೆಪ್ಪು ಕಡಿಮೆ ಹಾಕಿ. ಕೊಳ್ಳುವುದಾದರೆ ಅವತ್ತು ಬೆಳಗ್ಗೆ. ಕಡೆದು ನೀರು ಬೆರೆಸುವುದು ಎಲೆ ಹಾಕುವ ಅರ್ಧ ಗಂಟೆ ಮುಂಚೆ, ಅದೂ ಪಂಕ್ತಿ ಪಂಕ್ತಿಗೆ. ಮೂರು ಪಂಕ್ತಿಯಾದರೆ ಮೂರು ಸಲ. ಶುಂಠಿ, ಹಸಿಮೆಣಸು, ಕರಿಬೇವು ಜಜ್ಜಿದ್ದು, ಇಂಗಿನ ಒಗ್ಗರಣೆ ಎಲ್ಲ ಸಿದ್ಧವಿರಲಿ, ಉಪ್ಪು ಮಾತ್ರ ಆಯಾ ಪಂಕ್ತಿಗೆ. ಕಡೆಯದೆ ಉಳಿದ ಮೊಸರನ್ನು ಪಕ್ಕದ ಮನೆಯವರೂ ಸಂತೋಷದಿಂದ ತೆಗೆದುಕೊಂಡು ಹೋಗುತ್ತಾರೆ, ಒಗ್ಗರಣೆ ಹಾಕಿದ ಮಜ್ಜಿಗೆಯನ್ನು ಯಾರಿಗೆ ಕೊಡುವುದು?

ನೀರಿನ ಬಗ್ಗೆ ಗಟ್ಟಿಯಾಗಿ ಹೇಳಬೇಕು. ಗಂಗಾ ಸ್ನಾನ, ತುಂಗಾ ಪಾನ ಅಂತ ಹೇಳಿಕೊಳ್ಳುವ ಊರು ನಮ್ಮದು. ಆದರೂ ಈಗ ಸಮಾರಂಭಕ್ಕೆ 20 ಲೀಟರಿನ ಕ್ಯಾನೇ ಬರುತ್ತದೆ. ಕ್ಯಾನ್ ಎಣಿಸುವಾಗ ಜನ ಕುಡಿಯುವ ನೀರನ್ನು ಮಾತ್ರ ಎಣಿಸುತ್ತಾರೆ. ಪಾನಕಕ್ಕೆ, ಮಜ್ಜಿಗೆಗೆ, ಡಿಕಾಕ್ಷನ್ನಿಗೆ ಹೋಗುವುದೂ ಅದೇ ನೀರು. ತಲೆಗೆ ಮುಕ್ಕಾಲು ಲೀಟರಿನಂತೆ 190, ಬೆರೆಸುವುದಕ್ಕೆ ಹತ್ತಿರ ಹತ್ತಿರ 100, ಒಟ್ಟು 290 ಲೀಟರ್. ಹದಿನೈದು ಕ್ಯಾನ್, ಕೆಲಸದವರಿಗೆ ಇನ್ನೊಂದು ಸೇರಿಸಿ ಹದಿನಾರು. ಒಡೆಯದ ಕ್ಯಾನ್ ವಾಪಸ್ ತೆಗೆದುಕೊಳ್ಳುತ್ತಾರಾ ಅಂತ ಮುಂಗಡ ಕೊಡುವ ಮುಂಚೆ ಕೇಳಿ. ಒಪ್ಪಿದರೆ ಎರಡು ಹೆಚ್ಚು ಇಳಿಸಿಕೊಳ್ಳುತ್ತೇನೆ. ಕಾಲು ಲೀಟರಿನ ಪುಟ್ಟ ಬಾಟಲಿಗಳನ್ನು ಎಲೆಯ ಪಕ್ಕ ಇಡುವುದು ನನಗೆ ಸರಿಬರುವುದಿಲ್ಲ. ಎರಡು ಗುಟುಕು ಕುಡಿದು ಬಿಟ್ಟುಹೋದ ಬಾಟಲಿಯನ್ನು ಇನ್ನೊಬ್ಬರಿಗೆ ಕೊಡುವಂತಿಲ್ಲ. ಪಂಕ್ತಿ ಎದ್ದ ಮೇಲೆ ನೋಡಿದರೆ ಸಾಲಿಗೆ ಸಾಲು ಅರ್ಧ ತುಂಬಿದ ಬಾಟಲಿ. ಜಗ್ಗು, ಲೋಟವೇ ಸರಿ.

ಬಣ್ಣದ ಸೋಡಾ, ಕೋಲಾ ಬಾಟಲಿಗಳನ್ನು ಮಕ್ಕಳಿಗೋಸ್ಕರ ಒಂದಿಷ್ಟು ತರಿಸಲೇಬೇಕು ಅಂತ ಹಟ ಹಿಡಿದರೆ ಎರಡು ಲೀಟರಿನದು ನಾಲ್ಕೈದು ಸಾಕು, ಅದೂ ವಾಪಸ್ ಒಪ್ಪುವ ಅಂಗಡಿಯಿಂದ. ತಂದರೆ ಪಾನಕದಲ್ಲಿ ಕಡಿಮೆ ಮಾಡುವುದೇನೂ ಬೇಡ.

ಇದೇ ಮನೆ, ಇದೇ 250 ಜನ ಕಾರ್ತಿಕ ಮಾಸದಲ್ಲಿ ಬಂದಿದ್ದರೆ ನನ್ನ ಚೀಟಿ ಬೇರೆಯೇ ಇರುತ್ತಿತ್ತು. ಪಾನಕ ಶಾಸ್ತ್ರಕ್ಕೆ ಅಂತ 25 ಲೀಟರ್, ನೀರುಮಜ್ಜಿಗೆ ಅದರಷ್ಟೇ, ಕ್ಯಾನ್ ಹತ್ತು. ಕಾಫಿ ಮಾತ್ರ 350 ಲೋಟಕ್ಕೆ ಏರುತ್ತದೆ, ಹಾಲು 25 ಲೀಟರಾಗುತ್ತದೆ. ಊಟ ಮುಗಿಸಿ ಹೊರಡುವವರು ಆ ಕಾಲದಲ್ಲಿ ಕೇಳುವುದು ಜೀರಿಗೆ, ಕೊತ್ತಂಬರಿ ಹುರಿದು ಮಾಡಿದ ಬಿಸಿ ಕಷಾಯ. ಅದಕ್ಕೂ ಪುಡಿ ಡಬ್ಬಿಯಲ್ಲಿ, ಬೆಲ್ಲ ಪಕ್ಕದಲ್ಲಿ, ಹಾಲು ಪ್ಯಾಕೆಟ್ಟಿನಲ್ಲಿ. ಒಲೆಯ ಮೇಲೆ ಕುದಿಯುವ ನೀರು ಮಾತ್ರ ಸದಾ ಸಿದ್ಧ.