ಮೊದಲು ಬಸಿಯಿರಿ, ಆಮೇಲೆ ಉಪ್ಪು ಹಾಕಿ

ಕುಚ್ಚಲಕ್ಕಿ ಅನ್ನ ಬಸಿಯುವ ಮನೆಯಲ್ಲಿ ದಿನಾ ಒಂದು ಪಾತ್ರೆ ಗಂಜಿ ತಿಳಿ ಉಳಿಯುತ್ತದೆ. ಅಂಕೋಲಾ, ಕುಮಟಾ ಕಡೆ ಅದು ದನದ ಬಾನಿಗೆ ಹೋಗುತ್ತಿತ್ತು. ಈಗ ಕೊಟ್ಟಿಗೆ ಇರುವ ಮನೆಗಳು ಕಡಿಮೆ, ತಿಳಿ ಸೀದಾ ಮೋರಿಗೆ. ನೀರಲ್ಲಿ ಕರಗುವ ಬಿ ವಿಟಮಿನ್‌ಗಳೂ ಅದರ ಜೊತೆಗೇ ಹೋಗುತ್ತವೆ. ಈ ನೀರು ಮತ್ತೆ ಕೆಲಸಕ್ಕೆ ಬರಬೇಕೆಂದರೆ ಬೇಯಿಸುವಾಗ ಉಪ್ಪು ಹಾಕಬಾರದು. ಬಸಿದ ಮೇಲೆ ಹಾಕಬೇಕು.

ಕಾರಣ ಸರಳ. ಕುದಿಯುವಾಗ ನೀರು ಆವಿಯಾಗುತ್ತದೆ, ಉಪ್ಪು ಆಗುವುದಿಲ್ಲ. ಉಪ್ಪು ಹಾಕಿದ ಒಂದು ಲೀಟರ್ ನೀರು ಅರ್ಧಕ್ಕೆ ಇಳಿದರೆ ಉಪ್ಪಿನ ರುಚಿ ಎರಡು ಪಟ್ಟಾಗುತ್ತದೆ. ಆ ನೀರು ಸಾರಿಗೂ ಕಷ್ಟ, ಗಿಡಕ್ಕೂ ಕಷ್ಟ. ಉಪ್ಪು ಹಾಕಿದರೆ ಬೇಗ ಬೇಯುತ್ತದೆ ಎನ್ನುವವರೂ ಇದ್ದಾರೆ. ಲೀಟರಿಗೆ 10 ಗ್ರಾಂ ಹಾಕಿದರೂ ಕುದಿಯುವ ಬಿಸಿ 0.2 ಡಿಗ್ರಿಯಷ್ಟೂ ಏರುವುದಿಲ್ಲ.

ಅಕ್ಕಿ ತೊಳೆದ ಮೊದಲ ನೀರನ್ನು ಬಸಳೆ ಬುಡಕ್ಕೆ ಹಾಕಿ. ಆಮೇಲೆ ಒಂದು ಲೋಟ ಅಕ್ಕಿಗೆ ಐದಾರು ಲೋಟ ನೀರಿಟ್ಟು ಬೇಯಿಸಿ, ಬಸಿಯಿರಿ. ತಿಳಿ ಬೆಚ್ಚಗಿರುವಾಗಲೇ ಮಜ್ಜಿಗೆ, ಜಜ್ಜಿದ ಶುಂಠಿ, ಹಸಿಮೆಣಸು ಸೇರಿಸಿ ಕುಡಿಯಬಹುದು. ಉಪ್ಪು ಲೋಟಕ್ಕೆ ಹಾಕಿಕೊಂಡರೆ ಸಾಕು. ಉಳಿದದ್ದನ್ನು ತೆಳ್ಳಗೆ ಮಾಡಿ ಹತ್ತಿ ಸೀರೆಗೆ ಗಂಜಿ ಹಾಕಿ. ಕರಾವಳಿಯ ಸೆಕೆಯಲ್ಲಿ ತಿಳಿ ಬೇಗ ಹಳಸುತ್ತದೆ. ಸಂಜೆಗೆ ಬೇಕಿದ್ದರೆ ಆರಿದ ಕೂಡಲೇ ಫ್ರಿಜ್ಜಿನಲ್ಲಿಡಿ.

ನನ್ನ ಮಟ್ಟಿಗೆ ಎಲ್ಲಕ್ಕಿಂತ ರುಚಿ ಹುರುಳಿ ಕಟ್ಟಿನದು. ರಾತ್ರಿ ನೆನೆಸಿದ ಹುರುಳಿಯನ್ನು ಬೆಳಿಗ್ಗೆ ಜಾಸ್ತಿ ನೀರಿಟ್ಟು ಮೆತ್ತಗೆ ಬೇಯಿಸಿ. ಮುರುಗಲು (ಕೋಕಂ) ಸಿಪ್ಪೆಯನ್ನು ಮೊದಲೇ ಹಾಕಬೇಡಿ. ಹುಳಿ ಬಿದ್ದರೆ ಕಾಳು ಬೇಯುವುದು ತಡವಾಗುತ್ತದೆ. ಗಡಸು ನೀರಲ್ಲೂ ಹಾಗೆಯೇ. ಉಪ್ಪು ಹಾಕಿದರೆ ಕಾಳು ಬೇಯುವುದಿಲ್ಲ ಎನ್ನುವವರಿದ್ದಾರೆ. ಬಾವಿ ನೀರು ಗಡಸಾಗಿದ್ದರೆ ಕಾಳು ಬೇಯದ್ದಕ್ಕೆ ಉಪ್ಪನ್ನು ದೂರುವುದು ಸರಿಯಲ್ಲ ಅಲ್ವಾ? ಕಾಳು ಬೆಂದ ಮೇಲೆ ಕಟ್ಟು ಬಸಿದು, ಮುರುಗಲು ಹಾಕಿ ಕುದಿಸಿ. ತೆಂಗಿನೆಣ್ಣೆಯಲ್ಲಿ ಬೆಳ್ಳುಳ್ಳಿ, ಒಣಮೆಣಸಿನ ಒಗ್ಗರಣೆ ಕೊಟ್ಟು, ಕೊನೆಗೆ ಉಪ್ಪು ಹಾಕಿ. ಕಾಳು ಪಲ್ಯಕ್ಕಾಯಿತು.

ಎಲ್ಲ ನೀರೂ ಉಳಿಸುವಂಥದ್ದಲ್ಲ. ಕೆಸು, ಸುವರ್ಣಗಡ್ಡೆ ಬೇಯಿಸಿದ ನೀರನ್ನು ಚೆಲ್ಲಿಬಿಡಿ, ಬಾಯಿ ತುರಿಸುತ್ತದೆ. ಶಿರಸಿ ಕಡೆ ಮಳೆಗಾಲದಲ್ಲಿ ಸಿಗುವ ಕಳಲೆಯಲ್ಲಿ (ಎಳೆ ಬಿದಿರು) ವಿಷದ ಅಂಶವಿದೆ. ಅದನ್ನು ನೆನೆಸಿದ, ಬೇಯಿಸಿದ ನೀರನ್ನು ಯಾವ ಅಡುಗೆಗೂ ಬಳಸಬಾರದು. ಉಪ್ಪುಸೊಳೆ (ಉಪ್ಪಿನಲ್ಲಿ ಹಾಕಿಟ್ಟ ಹಲಸಿನ ತೊಳೆ) ನೆನೆಸಿದ ನೀರನ್ನು ಗಿಡಕ್ಕೆ ಹಾಕಲೇಬೇಡಿ. ಅಷ್ಟು ಉಪ್ಪಿದ್ದರೆ ಬೇರು ನೀರು ಎಳೆದುಕೊಳ್ಳಲಾರದು.

ಇನ್ನು ಉಪ್ಪಿನ ಅಳತೆ. ಗೋಕರ್ಣದ ಹತ್ತಿರದ ಸಾಣಿಕಟ್ಟಾದ ಹರಳುಪ್ಪು ಚಮಚದಲ್ಲಿ ಸಡಿಲವಾಗಿ ಕೂರುತ್ತದೆ. ಪುಡಿ ಉಪ್ಪು ಒತ್ತಾಗಿ ಕೂರುತ್ತದೆ. ಆದ್ದರಿಂದ ಹರಳುಪ್ಪು ಬಿಟ್ಟು ಪುಡಿಗೆ ಬಂದವರು ಅದೇ ಚಮಚ ಹಾಕಿದರೆ ಜಾಸ್ತಿಯಾಗುತ್ತದೆ. ವಿಶ್ವ ಆರೋಗ್ಯ ಸಂಸ್ಥೆ ಹೇಳುವುದು ದೊಡ್ಡವರಿಗೆ ದಿನಕ್ಕೆ 5 ಗ್ರಾಂಗಿಂತ ಕಡಿಮೆ. ಎಲ್ಲ ಅಡುಗೆಯೂ ಸೇರಿ ಒಂದು ಸಣ್ಣ ಚಮಚದಷ್ಟು.

ಸಾರಿಗೆ ಉಪ್ಪು ಹೆಚ್ಚಾದರೆ ಆಲೂಗಡ್ಡೆ ಹಾಕುವವರಿದ್ದಾರೆ. ಅದು ಉಪ್ಪಿನ ಜೊತೆ ನೀರನ್ನೂ ಹೀರುತ್ತದೆ, ಉಳಿದ ಸಾರು ಅಷ್ಟೇ ಉಪ್ಪಾಗಿರುತ್ತದೆ. ಅದರ ಬದಲು ಉಪ್ಪಿಲ್ಲದ ಕಟ್ಟನ್ನೋ ಗಂಜಿ ತಿಳಿಯನ್ನೋ ಒಂದು ಸೌಟು ಸೇರಿಸಿ, ಕುದಿ ಬಂದ ಮೇಲೆ ರುಚಿ ನೋಡಿ.