ಕ್ರೆಪ್ಲಾಖ್: ಮೊದಲ ದಿನ ಸಾರು, ಮರುದಿನ ಕಡುಬು

ಕ್ರೆಪ್ಲಾಖ್ ಮಾಡೋಕೆ ಅಂಗಡಿಯಿಂದ ಹಸಿ ಕೈಮಾ ತರಬೇಡಿ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಪೂರ್ವ ಯೂರೋಪಿನ ಯಹೂದಿ ಮನೆಗಳ ಈ ಮೂರು ಮೂಲೆಯ ಕಡುಬಿಗೆ ಸಾರಿನಲ್ಲಿ ಬೆಂದ ಮಾಂಸವೇ ಹೂರಣ. ಹಾಗಾಗಿ ಇದು ಎರಡು ದಿನದ ಕೆಲಸ. ಒಂದೇ ದಿನಕ್ಕೆ ಮುಗಿಸೋಣ ಅಂತ ಹೊರಟರೆ ರುಚಿಯೂ ಬರಲ್ಲ, ಕಡುಬೂ ನಿಲ್ಲಲ್ಲ.

ನಾನಿದನ್ನು ನೋಡಿ ಕಲಿತಿದ್ದು ನ್ಯೂಯಾರ್ಕ್‌ನ ಕ್ವೀನ್ಸ್‌ನಲ್ಲಿ, ಮಗಳ ಬಾಣಂತನಕ್ಕೆ ಹೋಗಿದ್ದಾಗ. ಪಕ್ಕದ ಮನೆಯಲ್ಲಿ ಪೋಲೆಂಡ್ ಮೂಲದ ಯಹೂದಿ ಅಜ್ಜಿಯೊಬ್ಬರಿದ್ದರು. ಅವರ ಹೊಸ ವರ್ಷ ರೋಷ್ ಹಶಾನಾ ಹತ್ತಿರ ಬಂದಿತ್ತು. ಆ ಹಬ್ಬಕ್ಕೂ, ಯೋಮ್ ಕಿಪ್ಪುರ್ ಉಪವಾಸ ಶುರುವಾಗುವ ಮುಂಚಿನ ಊಟಕ್ಕೂ, ಆಮೇಲೆ ಪುರಿಮ್ ಹಬ್ಬಕ್ಕೂ ಈ ಕಡುಬು ಬೇಕೇ ಬೇಕು. ಅವರ ಅಡುಗೆಮನೆಯಲ್ಲಿ ಕೂತು ಎರಡು ದಿನ ನೋಡಿದೆ.

ಅವರಲ್ಲಿ ದನದ ಮಾಂಸವೂ ನಡೆಯುತ್ತೆ, ಕೋಳಿಯೂ ನಡೆಯುತ್ತೆ. ನಾನು ಮಾಡುವುದು ಕೋಳಿಯದ್ದು. ಇಡೀ ಕೋಳಿಯನ್ನು ಕ್ಯಾರೆಟ್, ಸೆಲರಿ, ಈರುಳ್ಳಿ, ಒಂದು ಹಿಡಿ ಸಬ್ಬಸಿಗೆ ಸೊಪ್ಪಿನ ಜೊತೆ ಸಣ್ಣ ಉರಿಯಲ್ಲಿ ಎರಡು ಗಂಟೆ ಬಿಡಿ. ಕುದಿ ಜೋರಾದರೆ ಸಾರು ಕದಡುತ್ತೆ. ಇವರ ಸಾರು ತಳ ಕಾಣುವಷ್ಟು ತಿಳಿಯಾಗಿರಬೇಕು. ಸೋಸಿ, ಆರಿಸಿ ಫ್ರಿಜ್‌ನಲ್ಲಿಡಿ. ಮಾಂಸವನ್ನು ಮೂಳೆಯಿಂದ ಬಿಡಿಸಿ ಬೇರೆ ಇಡಿ. ಬೆಳಿಗ್ಗೆ ಸಾರಿನ ಮೇಲೆ ಹಳದಿ ಕೊಬ್ಬು ಕಟ್ಟಿರುತ್ತೆ. ಅದನ್ನು ಎಸೆಯಬೇಡಿ.

ಒಂದು ದೊಡ್ಡ ಈರುಳ್ಳಿಯನ್ನು ಸಣ್ಣಗೆ ಹೆಚ್ಚಿ ಆ ಕೊಬ್ಬಿನಲ್ಲೇ ಹುರಿಯಿರಿ. ಇಲ್ಲಿ ನಮ್ಮ ಕೈ ತಾನಾಗಿಯೇ ತುಪ್ಪದ ಡಬ್ಬಿಗೆ ಹೋಗುತ್ತೆ, ಅಲ್ವಾ? ಬೇಡ. ಯಹೂದಿಗಳ ಆಹಾರ ನಿಯಮದಲ್ಲಿ ಮಾಂಸವೂ ಹಾಲಿನ ಪದಾರ್ಥವೂ ಒಟ್ಟಿಗೆ ಸೇರುವಂತಿಲ್ಲ. ಬೆಣ್ಣೆ, ತುಪ್ಪ ಎಲ್ಲಾ ಹಾಲಿನ ಲೆಕ್ಕವೇ. ಆ ಅಜ್ಜಿಯ ಮನೆಯಲ್ಲಿ ಎರಡಕ್ಕೂ ಪಾತ್ರೆಗಳೇ ಬೇರೆ. ಅವರು ಕೋಳಿಯ ಚರ್ಮ ಮತ್ತು ಕೊಬ್ಬನ್ನು ಈರುಳ್ಳಿ ಜೊತೆ ಕರಗಿಸಿ, ಸೋಸಿ ಶೀಶೆಯಲ್ಲಿ ಇಟ್ಟುಕೊಂಡಿದ್ದರು. ಶ್ಮಾಲ್ಟ್ಸ್ ಅಂತಾರೆ. ಅದಿಲ್ಲದಿದ್ದರೆ ಅಡುಗೆ ಎಣ್ಣೆ ಸಾಕು. ಈರುಳ್ಳಿ ಮಾತ್ರ ಅರ್ಧ ಗಂಟೆಯಾದರೂ ಹುರಿದು ಬೆಲ್ಲದ ಬಣ್ಣಕ್ಕೆ ಬರಬೇಕು. ಇಡೀ ಹೂರಣದ ರುಚಿ ಇರುವುದು ಅದರಲ್ಲೇ. ಶುಂಠಿ, ಬೆಳ್ಳುಳ್ಳಿ, ಗರಂ ಮಸಾಲೆ ಯಾವುದೂ ಬೇಡ. 250 ಗ್ರಾಂ ಬೆಂದ ಮಾಂಸ, ಈ ಈರುಳ್ಳಿ, ಉಪ್ಪು, ಕಾಳುಮೆಣಸಿನ ಪುಡಿ ಹಾಕಿ ತರಿತರಿಯಾಗಿ ರುಬ್ಬಿ, ಒಂದು ಮೊಟ್ಟೆ ಕಲಸಿ. ಮೊಟ್ಟೆಯನ್ನು ಮೊದಲು ಲೋಟಕ್ಕೆ ಒಡೆದು ನೋಡಿಕೊಳ್ಳಿ. ರಕ್ತದ ಚುಕ್ಕೆ ಕಂಡರೆ ಅವರು ಅದನ್ನು ಬಳಸಲ್ಲ.

ಹೂರಣ ಮುಷ್ಟಿಯಲ್ಲಿ ಹಿಡಿದರೆ ಉಂಡೆ ನಿಲ್ಲಬೇಕು, ಬೆರಳಿಗೆ ನೀರು ಅಂಟಬಾರದು. ನಾನು ಮೊದಲ ಸಲ ಮೃದುವಾಗಲಿ ಅಂತ ಎರಡು ಸೌಟು ಸಾರು ಸೇರಿಸಿದ್ದೆ. ಅಂಚೆಲ್ಲ ನೆನೆದು, ನೀರಿಗೆ ಬಿಟ್ಟ ಕೂಡಲೇ ಬಾಯಿ ಬಿಟ್ಟವು. ಅರ್ಧಕ್ಕರ್ಧ ಹಾಳಾಯಿತು.

ಕಣಕಕ್ಕೆ ಎರಡು ಕಪ್ ಮೈದಾ, ಎರಡು ಮೊಟ್ಟೆ, ಅರ್ಧ ಚಮಚ ಉಪ್ಪು, ಎರಡು ಮೂರು ಚಮಚ ನೀರು. ಪೂರಿ ಹಿಟ್ಟಿನಷ್ಟು ಗಟ್ಟಿಯಾಗಿ ಹತ್ತು ನಿಮಿಷ ನಾದಿ, ಬಟ್ಟಲು ಮುಚ್ಚಿ ಅರ್ಧ ಗಂಟೆ ಬಿಡಿ. ಬಿಡದೆ ಲಟ್ಟಿಸಿದರೆ ಹಿಟ್ಟು ಹಿಂದಕ್ಕೆ ಎಳೆಯುತ್ತೆ. ಆಮೇಲೆ ತೆಳ್ಳಗೆ, ಹಾಳೆ ಎತ್ತಿ ಹಿಡಿದರೆ ಹಿಂದಿನ ಬೆರಳಿನ ನೆರಳು ಕಾಣುವಷ್ಟು ಲಟ್ಟಿಸಿ. ಮೂರು ಇಂಚಿನ ಚೌಕ ಕತ್ತರಿಸಿ. 30ಕ್ಕೂ ಹೆಚ್ಚು ಆಗುತ್ತವೆ. ಉಳಿದ ಹಿಟ್ಟಿನ ಮೇಲೆ ಒದ್ದೆ ಬಟ್ಟೆ ಇರಲಿ.

ಒಂದು ಚಿಕ್ಕ ಚಮಚ ಹೂರಣ ನಡುವೆ ಇಟ್ಟು, ಅಂಚಿಗೆ ನೀರು ಸವರಿ, ಮೂಲೆಯಿಂದ ಮೂಲೆಗೆ ಮಡಚಿ. ಇಲ್ಲಿ ಆ ಅಜ್ಜಿಯ ಕೈ ನೋಡಬೇಕಿತ್ತು. ಮೊದಲು ಹೂರಣದ ಸುತ್ತ ಹೆಬ್ಬೆರಳು ಒತ್ತುತ್ತಾ ಒಳಗಿನ ಗಾಳಿಯನ್ನೆಲ್ಲ ಹೊರಗೆ ತಳ್ಳುತ್ತಿದ್ದರು. ಅದಾದ ಮೇಲೆಯೇ ಅಂಚು ಒತ್ತುವುದು. ನಾವು ಕರ್ಜಿಕಾಯಿಗೆ ಗಾಳಿ ನಿಲ್ಲದ ಹಾಗೆ ನೋಡಿಕೊಳ್ತೀವಲ್ಲ, ಹಾಗೇ. ಗಾಳಿ ಉಳಿದರೆ ಅದು ಕಾದು ಹಿಗ್ಗಿ ಅಂಚನ್ನು ಬಿಡಿಸುತ್ತೆ.

ಸಾರಿನಲ್ಲೇ ಬೇಯಿಸಬೇಡಿ, ಮೇಲಿನ ಹಿಟ್ಟು ಬಿಟ್ಟು ಸಾರು ಮಂಕಾಗುತ್ತೆ. ಅಗಲ ಪಾತ್ರೆಯಲ್ಲಿ ಉಪ್ಪುನೀರು ಕುದಿಸಿ, ಹತ್ತು ಹನ್ನೆರಡರ ಹಾಗೆ ಬಿಡಿ. ತೇಲಿದ ಮಾತ್ರಕ್ಕೆ ಬೆಂದಿಲ್ಲ, ಒಟ್ಟು 15 ನಿಮಿಷ ಬೇಕು. ಒಂದು ಅಂಚು ಕಚ್ಚಿ ನೋಡಿ. ಜಾಲರಿ ಸೌಟಿನಲ್ಲಿ ತೆಗೆದು, ಬಿಸಿ ಸಾರು ಹಾಕಿದ ಬಟ್ಟಲಿಗೆ ಮೂರೋ ನಾಲ್ಕೋ ಬಿಡಿ.

ಜಾಸ್ತಿ ಆದರೆ ಬೇಯಿಸುವ ಮೊದಲೇ ಹಿಟ್ಟು ಉದುರಿಸಿದ ತಟ್ಟೆಯಲ್ಲಿ ಒಂದಕ್ಕೊಂದು ತಾಗದಂತೆ ಇಟ್ಟು ಫ್ರೀಜರ್‌ಗೆ ಹಾಕಿ. ಗಟ್ಟಿಯಾದ ಮೇಲೆ ಚೀಲಕ್ಕೆ ತುಂಬಿ. ಬೇಕಾದಾಗ ಕರಗಿಸದೆ ನೇರ ಕುದಿಯುವ ನೀರಿಗೆ. ಬೇಯಿಸಿದ್ದು ಉಳಿದಿದ್ದರೆ ಮರುದಿನ ಬಾಣಲೆಯಲ್ಲಿ ಈರುಳ್ಳಿ ಜೊತೆ ಎರಡೂ ಕಡೆ ಕೆಂಪಗೆ ಹುರಿಯಿರಿ. ನಮ್ಮ ಮನೆಯ ಮಕ್ಕಳಿಗೆ ಸಾರಿನದ್ದಕ್ಕಿಂತ ಅದೇ ಇಷ್ಟ.