ಕಾಡು ನುಂಗಿದ ಪಟ್ಟಣವನ್ನು ಲೆನ್ಸ್ ಮುಂದೆ ಕಟ್ಟುವುದು

1930–40ರ ದಶಕದ ಹಾಲಿವುಡ್‌ನ ಅಗ್ಗದ ಸಾಹಸಚಿತ್ರಗಳ ಕಾಡೆಂದರೆ ಬಹುಪಾಲು ಲಾಸ್ ಏಂಜಲೀಸ್ ಸುತ್ತಮುತ್ತಲಿನ ಕೆರೆ, ಗುಹೆ, ಸ್ಟುಡಿಯೋದೊಳಗಿನ ಕುಂಡದ ಗಿಡ. ಏಷ್ಯಾದ ಆನೆಗೆ ದೊಡ್ಡ ಕಿವಿ ಅಂಟಿಸಿ ಆಫ್ರಿಕಾದ್ದೆಂದು ನಂಬಿಸಿದವರೂ ಉಂಟು! ಪಾಳು ಪಟ್ಟಣವನ್ನು ತೋರಿಸಲು ಇದ್ದ ಉಪಾಯ ಮಿನಿಯೇಚರ್, ಅಂದರೆ ಪುಟ್ಟ ಮಾದರಿ. ರಿಪಬ್ಲಿಕ್ ಸ್ಟುಡಿಯೋದ ಸ್ಪೆಷಲ್ ಎಫೆಕ್ಟ್ಸ್ ತಜ್ಞರಾದ ಲೈಡೆಕರ್ ಸಹೋದರರು ಅದನ್ನು ಬಯಲಿಗೆ ತಂದು ನಿಜವಾದ ಬಿಸಿಲಿನಲ್ಲೇ ಚಿತ್ರೀಕರಿಸುತ್ತಿದ್ದರು. ಇಂದಿಗೂ ಕಂಪ್ಯೂಟರ್ ಇಲ್ಲದೆ, ನಟರೂ ಪಟ್ಟಣವೂ ಒಂದೇ ಶಾಟ್‌ನಲ್ಲಿ ಬರುವಂತೆ ಮಾಡಬಹುದು.

ಫುಲ್‌ಫ್ರೇಮ್ (35 ಮಿ.ಮೀ. ಸ್ಟಿಲ್ ಫಿಲ್ಮ್‌ನಷ್ಟು ದೊಡ್ಡ ಸೆನ್ಸರ್‌ನ) ಕ್ಯಾಮೆರಾಕ್ಕೆ 28 ಮಿ.ಮೀ. ಲೆನ್ಸ್ ಹಾಕಿ, ಅಪರ್ಚರ್ (ಬೆಳಕು ಬರುವ ಕಿಂಡಿ) ಎಫ್/16ಕ್ಕೆ ಇಳಿಸಿ, 1.65 ಮೀಟರ್‌ಗೆ ಫೋಕಸ್ ಮಾಡಿ. ಸುಮಾರು 0.85 ಮೀಟರ್‌ನಿಂದ ದಿಗಂತದವರೆಗೆ ಎಲ್ಲವೂ ಸ್ಪಷ್ಟವಾಗಿರುತ್ತದೆ. ಮಾದರಿಯನ್ನು ಲೆನ್ಸಿನಿಂದ 1 ಮೀಟರ್‌ಗೆ ಇಡಿ, ನಟರನ್ನು 20 ಮೀಟರ್‌ಗೆ ನಿಲ್ಲಿಸಿ. ಅಲ್ಲಿಗೆ ಅಳತೆ 1:20. 8 ಮೀಟರ್ ಎತ್ತರದ ಹೆಬ್ಬಾಗಿಲು 40 ಸೆಂ.ಮೀ. ಆಯಿತು.

ಇಡೀ 40 ಸೆಂ.ಮೀ. ಕಟ್ಟಬೇಕಾಗಿಲ್ಲ. ಹೆಚ್ಚಿನವರು ಎಡವುವುದು ಇಲ್ಲೇ. ಮಾದರಿ ನಟರಿಗಿಂತ ಮುಂದಿರುವುದರಿಂದ ಅದರ ಮೇಲೆ ಹಾದುಹೋಗುವ ತಲೆ ಕತ್ತರಿಸಿದಂತೆ ಮಾಯವಾಗುತ್ತದೆ. ಆದ್ದರಿಂದ ನಟರ ಹಿಂದೆ 2 ಮೀಟರ್ ಎತ್ತರದ ಪೊದೆಸಾಲು ಇರಲಿ. ಪಟ್ಟಣ ಅದರ ಮೇಲಿಂದಲೇ ಶುರುವಾಗಲಿ. ಕೆಳಗಿನ 10 ಸೆಂ.ಮೀ. ಬಿಟ್ಟು 30 ಸೆಂ.ಮೀ. ಕಟ್ಟಿದರೆ ಸಾಕು. ನೆಲ ಸಮತಟ್ಟಾಗಿದ್ದು ಲೆನ್ಸ್ 1.5 ಮೀಟರ್ ಎತ್ತರದಲ್ಲಿದ್ದರೆ, ಮಾದರಿಯ ಕೆಳಅಂಚು ಲೆನ್ಸಿಗಿಂತ 2.5 ಸೆಂ.ಮೀ. ಮೇಲೆ ಬರಬೇಕು. ಮೇಲಿನಿಂದ ತಂತಿಯಲ್ಲಿ ತೂಗುಬಿಟ್ಟು, ಮಾನಿಟರ್ ನೋಡುತ್ತಾ ಪೊದೆಯ ತುದಿಗೆ ಕೂರಿಸಿ. ಗಾಳಿಗೆ ಅಲ್ಲಾಡಿದರೆ ಊರಿಗೆ ಊರೇ ತೂಗಾಡುತ್ತದೆ. ಎರಡೂ ಬದಿಗೆ ಬಿಗಿದು ಕಟ್ಟಿ.

ಥರ್ಮಾಕೋಲ್ ಕೆತ್ತಿ, ಮೇಲೆ ತೆಳುವಾಗಿ ಪ್ಲಾಸ್ಟರ್ ಆಫ್ ಪ್ಯಾರಿಸ್ ಬಳಿಯಿರಿ. ಬರಿಯ ಥರ್ಮಾಕೋಲಿಗೆ ಸ್ಪ್ರೇ ಪೇಂಟ್ ಹೊಡೆಯಬೇಡಿ, ಅದರಲ್ಲಿನ ದ್ರಾವಕ ಅದನ್ನು ಕರಗಿಸಿಬಿಡುತ್ತದೆ. ನೀರು ಬೆರೆಸುವ ಬಣ್ಣವೇ ಸರಿ. ಬಳ್ಳಿ ಬೇಕೆಂದು ನಿಜವಾದ ಎಲೆ ಅಂಟಿಸಿದರೆ 5 ಸೆಂ.ಮೀ.ನ ಎಲೆ ತೆರೆಯ ಮೇಲೆ 1 ಮೀಟರ್ ಆಗುತ್ತದೆ. ಜರಡಿ ಹಿಡಿದ ಮರದ ಪುಡಿಗೆ ಹಸಿರು ಬಣ್ಣ ಹಾಕಿ ಉದುರಿಸಿ.

ನಟರ ಮೇಲಿರುವ ಬಿಸಿಲೇ ಮಾದರಿಯ ಮೇಲೂ ಬೀಳಬೇಕು. ಸೂರ್ಯ ಪಕ್ಕದಲ್ಲಿದ್ದರೆ ಕಲ್ಲಿನ ಉಬ್ಬುತಗ್ಗು ಕಾಣುತ್ತದೆ. ಕಪ್ಪುಬಿಳುಪಾದರೆ ಬಣ್ಣದ ವ್ಯತ್ಯಾಸ ಮುಚ್ಚಿಹೋಗುತ್ತದೆ, ಆದರೆ ಕೆಂಪು ಫಿಲ್ಟರ್ ಬೇಡ: ಆಕಾಶದ ಜೊತೆ ಎಲೆಗಳೂ ಕಪ್ಪಾಗುತ್ತವೆ. ಹಳದಿ-ಹಸಿರು ಫಿಲ್ಟರ್ ಎಲೆಗಳಿಗೆ ಬೆಳಕು ಕೊಡುತ್ತದೆ. ಕ್ಯಾಮೆರಾ ತಿರುಗಿಸುವ ಆಸೆ ಬಿಡಿ. ಲೆನ್ಸಿನ ನೋಡಲ್ ಪಾಯಿಂಟ್ (ಅದರ ಸುತ್ತ ತಿರುಗಿಸಿದರೆ ಹತ್ತಿರದ್ದೂ ದೂರದ್ದೂ ಒಂದಕ್ಕೊಂದು ಸರಿಯದ ಬಿಂದು) ಮೇಲೆಯೇ ತಿರುಗದಿದ್ದರೆ ಮಾದರಿ ಪೊದೆಯಿಂದ ಜಾರಿದಂತೆ ಕಾಣುತ್ತದೆ.

ಕೊನೆಯಲ್ಲಿ ಪಟ್ಟಣ ಕುಸಿಯಬೇಕಲ್ಲ, ಆ ಶಾಟ್ ನಟರಿಲ್ಲದೆ ಬೇರೆಯಾಗಿ ತೆಗೆಯಿರಿ. ಅಳತೆ 1:20 ಆದ್ದರಿಂದ 20ರ ವರ್ಗಮೂಲ ತೆಗೆದುಕೊಳ್ಳಿ: ಸುಮಾರು 4.5. ಅದನ್ನು ಸಿನಿಮಾದ ಮಾಮೂಲಿ ವೇಗವಾದ 24ರಿಂದ ಗುಣಿಸಿದರೆ ಸೆಕೆಂಡಿಗೆ 108 ಫ್ರೇಮ್. 120ರಲ್ಲಿ ತೆಗೆದು 24ರಲ್ಲಿ ಓಡಿಸಿ. ಮಾಮೂಲಿ ವೇಗದಲ್ಲಿ ತೆಗೆದರೆ ಕಲ್ಲುಗಳು ಆಟಿಕೆಯಂತೆ ಪಟಪಟನೆ ಬೀಳುತ್ತವೆ. ಈ ಶಾಟ್‌ಗೆ ಗೋಡೆಯನ್ನು ಬಿಡಿಬಿಡಿ ತುಂಡುಗಳಾಗಿ ಪೇರಿಸಿ, ಸಂದುಗಳಲ್ಲಿ ಮುಲ್ತಾನಿ ಮಿಟ್ಟಿ ತುಂಬಿ. ಮರಳು ಬೇಡ, ಅದರ ಒಂದೊಂದು ಕಾಳೂ ಬೆಣಚುಕಲ್ಲಿನಂತೆ ಕಾಣುತ್ತದೆ.